ಏಕತ್ವ ಭಾವನೆಯೂ ಒಂಟಿ ಮನೆಯೂ

ಬಸದಿಯ ವಾರ್ಷಿಕೋತ್ಸವದಲ್ಲಿ ಊರಿನ ಹಿರಿಯ ಶ್ರಾವಕರೊಬ್ಬರಿಗೆ ಶಾಲು ಹೊದಿಸಿ, ಹಾರ ಹಾಕಿ ಸನ್ಮಾನಿಸುವುದು ಈಗ ಎಲ್ಲೆಡೆ ರೂಢಿಯಾಗಿದೆ. ಸನ್ಮಾನಪತ್ರದ ಮಾತುಗಳೂ ಬಹುಮಟ್ಟಿಗೆ ಒಂದೇ. ಎಂಬತ್ತು ದಾಟಿದರೂ ಬೆಳಕು ಹರಿಯುವ ಮುನ್ನವೇ ಏಳುತ್ತಾರೆ. ತ್ರಿಕಾಲ ಸಾಮಾಯಿಕ ತಪ್ಪಿಸಿದವರಲ್ಲ. ಸೂರ್ಯಾಸ್ತದ ಅನಂತರ ಹನಿ ನೀರನ್ನೂ ಮುಟ್ಟುವವರಲ್ಲ. ಅಷ್ಟಮಿ ಚತುರ್ದಶಿಗಳಲ್ಲಿ ಏಕಭುಕ್ತ. ಪತ್ನೀವಿಯೋಗದ ಬಳಿಕವೂ ಏಕಾಂಗಿಯಾಗಿ ಧರ್ಮಧ್ಯಾನದಲ್ಲಿ ಕಾಲ ಕಳೆಯುತ್ತಿರುವ ಆದರ್ಶ ಶ್ರಾವಕರು. ಸಭೆ ಚಪ್ಪಾಳೆ ತಟ್ಟುತ್ತದೆ, ಛಾಯಾಚಿತ್ರ ತೆಗೆಯಲಾಗುತ್ತದೆ. ಕಾರ್ಯಕ್ರಮ ಮುಗಿದ ಮೇಲೆ ಯಾರೋ ಒಬ್ಬರು ಅವರನ್ನು ಕಾರಿನಲ್ಲಿ ಕರೆತಂದು ಮನೆಯ ಮುಂದೆ ಇಳಿಸಿ ಹೋಗುತ್ತಾರೆ. ಆ ಹಿರಿಯರು ತಾವೇ ಬೀಗ ತೆಗೆದು ಒಳಗೆ ಹೋಗಿ, ಶಾಲನ್ನು ಮಡಿಸಿ, ಹಿಂದಿನ ವರ್ಷಗಳ ಶಾಲುಗಳ ಮೇಲೆ ಇಡುತ್ತಾರೆ.

ಆ ಸನ್ಮಾನಪತ್ರದಲ್ಲಿರುವ ‘ಏಕಾಂಗಿಯಾಗಿ’ ಎಂಬ ಒಂದು ಪದವನ್ನು ಯಾರೂ ತಡೆದು ನಿಲ್ಲಿಸಿ ವಿಚಾರಿಸುವುದಿಲ್ಲ. ಅದು ಆ ಹಿರಿಯರ ಗುಣವೋ, ಅವರಿಗೆ ಒದಗಿದ ಸ್ಥಿತಿಯೋ? ಅವರಾಗಿ ಕೈಗೊಂಡ ವ್ರತವೋ, ಇತರರು ಅವರ ಮೇಲೆ ಹೊರಿಸಿದ ಭಾರವೋ? ಗುಣವಾಗಿದ್ದಲ್ಲಿ ಪ್ರಶಂಸೆ ಯುಕ್ತವೇ ಸರಿ. ಸ್ಥಿತಿಯಾಗಿದ್ದಲ್ಲಿ, ಶಾಲು ಹೊದಿಸುವವರು ತಮ್ಮ ಲೋಪಕ್ಕೇ ಶಾಲು ಹೊದಿಸುತ್ತಿದ್ದಾರೆ ಎನ್ನದೆ ವಿಧಿಯಿಲ್ಲ.

ಇಂಥ ಹಿರಿಯರನ್ನು ಹುಡುಕಿಕೊಂಡು ದೂರ ಹೋಗಬೇಕಾಗಿಲ್ಲ. ತುಳುನಾಡಿನ ಹಳೆಯ ಮನೆತನಗಳಲ್ಲಿ, ಮಲೆನಾಡಿನ ತೋಟದ ಮನೆಗಳಲ್ಲಿ, ಬೆಳಗಾವಿ ಕಡೆಯ ಹಳ್ಳಿಗಳಲ್ಲಿ, ಒಂದು ಕಾಲಕ್ಕೆ ಮೂವತ್ತು ಎಲೆ ಹಾಕುತ್ತಿದ್ದ ಮನೆಯಲ್ಲಿ ಈಗ ಒಂದೇ ಎಲೆ. ಬೆಳಗಿನ ನಾಲ್ಕೂವರೆಗೆ ಎದ್ದು, ಹಾಸಿಗೆಯ ಮೇಲೆ ಕುಳಿತೇ ಪಂಚನಮಸ್ಕಾರ. ಅನಂತರ ಎರಡು ಘಳಿಗೆ, ಎಂದರೆ 48 ನಿಮಿಷಗಳ ಸಾಮಾಯಿಕ. ಬಾವಿಯಿಂದ ನೀರು ಸೇದಿ, ಮಡಿಸಿದ ಬಟ್ಟೆಯಲ್ಲಿ ಸೋಸಿ, ಬಟ್ಟೆಯನ್ನು ತಿರುಗಿಸಿ ತೊಳೆದ ನೀರನ್ನು ಮರಳಿ ಅದೇ ಬಾವಿಗೆ ಬಿಡುವುದು. ಅದರಲ್ಲಿ ಸಿಕ್ಕಿದ ಸೂಕ್ಷ್ಮ ಜೀವಿಗಳು ತಮ್ಮ ನೆಲೆಗೆ ಮರಳಬೇಕಲ್ಲ. ಏಳು ಗಂಟೆಗೆ ಬಸದಿ. ಅರ್ಚಕರು ಅಭಿಷೇಕ ಮಾಡುತ್ತಾರೆ, ಹಿರಿಯರು ನೋಡುತ್ತಾರೆ. ಮೂರನೆಯ ವ್ಯಕ್ತಿ ಇರುವುದು ಹುಣ್ಣಿಮೆಗೋ ಹಬ್ಬಕ್ಕೋ. ಗಂಧೋದಕವನ್ನು ಹಣೆಗೆ ಹಚ್ಚಿಕೊಂಡು ಮನೆಗೆ ಬಂದರೆ ಒಂದು ಅನ್ನ, ಒಂದು ಸಾರು. ಹತ್ತು ಗಂಟೆಗೆ ಅಡಿಗೆಯಾದ ಮೇಲೆ ಅವರು ಹೊರಬಾಗಿಲಿಗೆ ಬಂದು ಐದು ನಿಮಿಷ ರಸ್ತೆಯ ಕಡೆ ನೋಡುತ್ತಾ ನಿಲ್ಲುತ್ತಾರೆ. ಹೊಸದಾಗಿ ಆ ಬೀದಿಗೆ ಬಂದವರು, ಅಜ್ಜನವರು ಅಂಚೆಯವನನ್ನು ಕಾಯುತ್ತಿದ್ದಾರೆ ಎಂದುಕೊಳ್ಳುತ್ತಾರೆ. ತಾನು ಉಣ್ಣುವ ಮುನ್ನ ಬಾಗಿಲಲ್ಲಿ ನಿಂತು ಅತಿಥಿಯ ದಾರಿ ನೋಡಬೇಕೆಂಬುದು ಶ್ರಾವಕರ ಹಳೆಯ ಪದ್ಧತಿ ಎಂಬುದು ಅವರಿಗೆ ತಿಳಿಯದು. ಬಹುಶಃ ಆ ಹಿರಿಯರ ಮೊಮ್ಮಕ್ಕಳಿಗೂ ತಿಳಿಯದು. ಮುನಿಗಳು ಆ ದಾರಿಯಲ್ಲಿ ವಿಹಾರ ಮಾಡಿ ಎಷ್ಟೋ ವರ್ಷಗಳಾಗಿವೆ. ಬೇರೆ ಯಾರೂ ಬರುವುದಿಲ್ಲ. ಬಾಗಿಲು ಹಾಕಿ ಒಳಗೆ ಹೋಗಿ ಎಲೆಯ ಮುಂದೆ ಕೂರುತ್ತಾರೆ.

ಸಂಜೆ ಐದೂವರೆಗೆ ಎರಡನೆಯ ಊಟ. ಸೂರ್ಯ ಮುಳುಗಿದರೆ ಲೌಕಿಕ ದಿನಚರಿ ಮುಗಿಯಿತು. ಆರೂವರೆಯಿಂದ ಮರುದಿನ ನಾಲ್ಕೂವರೆಯವರೆಗೆ ಹತ್ತು ಗಂಟೆ. ಅದರಲ್ಲಿ ಸಾಮಾಯಿಕಕ್ಕೆ 48 ನಿಮಿಷ ಹೋಗಲಿ, ನಾಲ್ಕು ಗಂಟೆ ನಿದ್ರೆ ಬಂದರೆ ಪುಣ್ಯ. ಉಳಿದ ಐದು ಗಂಟೆಗಳ ಉಲ್ಲೇಖ ಯಾವ ಸನ್ಮಾನಪತ್ರದಲ್ಲಿಯೂ ಇಲ್ಲ.

ಈಚಿನ ವರ್ಷಗಳಲ್ಲಿ ಈ ದಿನಚರಿಗೆ ಹೊಸ ವಸ್ತುವೊಂದು ಸೇರಿದೆ. ಬೆಂಗಳೂರಿನಲ್ಲಿಯೋ ಅಮೆರಿಕೆಯಲ್ಲಿಯೋ ಇರುವ ಮಗನು ಊರಿಗೆ ಬಂದಾಗ ಪಡಸಾಲೆಯ ಮೂಲೆಯಲ್ಲಿ ಕ್ಯಾಮೆರಾ ಹಾಕಿಸಿ ಹೋಗುತ್ತಾನೆ. ಕಚೇರಿಯಲ್ಲಿ ಕುಳಿತು ಮೊಬೈಲಿನಲ್ಲಿ ನೋಡಿದರೆ ತಂದೆ ಎದ್ದಿದ್ದಾರೆ, ಜಪಸರ ಹಿಡಿದಿದ್ದಾರೆ, ಬಾಗಿಲಿಗೆ ಹೋಗಿ ಬಂದರು. ಎಲ್ಲವೂ ಸಮಯಕ್ಕೆ ಸರಿಯಾಗಿ ನಡೆಯುತ್ತಿದೆ. ಆದ್ದರಿಂದ ಎಲ್ಲವೂ ಕ್ಷೇಮ. ಹಿಂದೆ ಚಿಂತೆಯಾದಾಗ ದೂರವಾಣಿ ಮಾಡುತ್ತಿದ್ದ ಮಗನಿಗೆ ಈಗ ಅದರ ಅಗತ್ಯವೂ ಉಳಿದಿಲ್ಲ. ಭಾನುವಾರದ ಕರೆಯಲ್ಲಿ ‘ಊಟ ಆಯ್ತಾ ಅಪ್ಪ, ಮಾತ್ರೆ ತಗೊಂಡ್ರಾ’ ಎಂಬಲ್ಲಿಗೆ ಸಂಭಾಷಣೆ ಮುಗಿಯುತ್ತದೆ. ಮಗನು ದುಷ್ಟನಲ್ಲ. ತಿಂಗಳಿಗೆ ತಪ್ಪದೆ ಹಣ ಕಳುಹಿಸುತ್ತಾನೆ. ನಿಯಮಬದ್ಧವಾದ ದಿನಚರಿಯನ್ನೇ ಆರೋಗ್ಯವೆಂದು, ವ್ರತನಿಷ್ಠೆಯನ್ನೇ ತೃಪ್ತಿಯೆಂದು ತಿಳಿದಿರುವುದು ಮಾತ್ರ ಅವನ ದೋಷ. ಆ ತಿಳಿವಳಿಕೆಯನ್ನು ಅವನಿಗೆ ಕೊಟ್ಟದ್ದು ಸಮಾಜವೇ.

ಇಲ್ಲಿ ಶಾಸ್ತ್ರದ ಹೆಸರನ್ನು ಎಳೆದು ತರುವವರಿದ್ದಾರೆ. ಜೀವನು ಒಬ್ಬನೇ ಹುಟ್ಟುತ್ತಾನೆ, ಒಬ್ಬನೇ ಸಾಯುತ್ತಾನೆ, ತನ್ನ ಕರ್ಮಫಲವನ್ನು ಒಬ್ಬನೇ ಅನುಭವಿಸುತ್ತಾನೆ. ಹನ್ನೆರಡು ಅನುಪ್ರೇಕ್ಷೆಗಳಲ್ಲಿ ಏಕತ್ವವೂ ಒಂದು. ಆದ್ದರಿಂದ ವೃದ್ಧಾಪ್ಯದ ಏಕಾಂತ ಧರ್ಮಕ್ಕೆ ಅನುಕೂಲವೇ ಹೊರತು ಪ್ರತಿಕೂಲವಲ್ಲ ಎಂಬುದು ಅವರ ವಾದ. ಪ್ರವಚನಗಳಲ್ಲಿಯೂ ಇದು ಕೇಳಿಬರುತ್ತದೆ. ಈ ವಾದದಲ್ಲಿ ಒಂದು ದೊಡ್ಡ ಮೋಸವಿದೆ.

ಅನುಪ್ರೇಕ್ಷೆಯೆಂದರೆ ತನ್ನನ್ನು ಕುರಿತು ತಾನು ಮಾಡುವ ಚಿಂತನೆ. ಅದನ್ನು ಇನ್ನೊಬ್ಬನಿಗೆ ಆಜ್ಞೆಯಾಗಿ ಹೊರಡಿಸಲು ಯಾರಿಗೂ ಅಧಿಕಾರವಿಲ್ಲ. ಉಪವಾಸದ ದೃಷ್ಟಾಂತ ಸಾಕು. ಒಬ್ಬನು ತಾನಾಗಿ ಅನ್ನ ಬಿಟ್ಟರೆ ಅದು ಅನಶನವೆಂಬ ತಪಸ್ಸು. ಅವನೇ ತನ್ನ ಆಶ್ರಯದಲ್ಲಿರುವ ಜೀವಿಗೆ ಅನ್ನನೀರು ಸಿಗದಂತೆ ಮಾಡಿದರೆ ಅದು ಅನ್ನಪಾನನಿರೋಧ; ಅಹಿಂಸಾಣುವ್ರತದ ಐದು ಅತಿಚಾರಗಳಲ್ಲಿ ಒಂದು. ಎರಡು ಕಡೆಯೂ ಹೊಟ್ಟೆ ಖಾಲಿಯಾಗಿಯೇ ಇರುತ್ತದೆ. ಹೊರಗಿನಿಂದ ಕಾಣುವುದಕ್ಕೆ ಭೇದವಿಲ್ಲ. ಧರ್ಮದ ದೃಷ್ಟಿಯಲ್ಲಿ ಒಂದು ನಿರ್ಜರೆಗೆ ಕಾರಣ, ಮತ್ತೊಂದು ಬಂಧಕ್ಕೆ. ಏಕಾಂತಕ್ಕೂ ಇದೇ ನ್ಯಾಯ ಅನ್ವಯಿಸಬೇಕು. ಹಿರಿಯರು ತಾವಾಗಿ ಜನಸಂಪರ್ಕವನ್ನು ಕುಗ್ಗಿಸಿಕೊಂಡಿದ್ದರೆ ಅದು ಸಾಧನೆ. ಅವರ ಮಾತಿಗೆ ಕಿವಿಯಾಗಬೇಕಾದವರೆಲ್ಲರೂ ತಮ್ಮ ತಮ್ಮ ಕೆಲಸಗಳಿಗೆ ಹೊರಟುಹೋದ ಕಾರಣ ಅವರು ಮೌನಿಯಾಗಿದ್ದರೆ, ಆ ಮೌನಕ್ಕೆ ವ್ರತವೆಂಬ ಹೆಸರಿಡುವುದು ಅಸತ್ಯವೂ ಹೌದು.

ಮುನಿಗಳ ವಿಷಯದಲ್ಲಿಯೇ ಆಗಮಗಳು ಎಷ್ಟು ಎಚ್ಚರಿಕೆಯಿಂದ ನಡೆದುಕೊಂಡಿವೆ ಎಂಬುದನ್ನು ನೋಡಬೇಕು. ವಟ್ಟಕೇರರ ಮೂಲಾಚಾರದಲ್ಲಿ ಏಕವಿಹಾರಕ್ಕೆ, ಎಂದರೆ ಮುನಿಯೊಬ್ಬನು ಸಂಘವನ್ನು ಬಿಟ್ಟು ಒಬ್ಬನೇ ಸಂಚರಿಸುವುದಕ್ಕೆ, ಸುಲಭವಾಗಿ ಅನುಮತಿಯಿಲ್ಲ. ತಪಸ್ಸು, ಶ್ರುತಜ್ಞಾನ, ಸತ್ತ್ವ, ಉತ್ತಮ ದೇಹಬಲ, ಧೃತಿ ಮೊದಲಾದವುಗಳಿಂದ ಕೂಡಿದ ವಿರಳರಿಗೆ ಮಾತ್ರ ಅದು ಸಲ್ಲುತ್ತದೆ. ಸರ್ವವನ್ನೂ ತ್ಯಜಿಸಿದ, ದೇಹದಾರ್ಢ್ಯವುಳ್ಳ ಸಾಧುವಿಗೇ ಸಂಘ ಬೇಕೆಂದು ಆಚಾರ್ಯರು ವಿಧಿಸಿರುವಾಗ, ಮೊಣಕಾಲು ನೋವಿನ, ಒಂದು ಕಣ್ಣಿಗೆ ಪೊರೆ ಬಂದ, ಎಂಬತ್ತೆರಡರ ಗೃಹಸ್ಥನಿಗೆ ಸಂಘ ಬೇಡವೆಂದು ತೀರ್ಮಾನಿಸಿದವರು ಯಾರು?

ತಪಸ್ಸಿನ ವಿಭಾಗಕ್ರಮವೂ ಇದನ್ನೇ ಸೂಚಿಸುತ್ತದೆ. ತತ್ತ್ವಾರ್ಥಸೂತ್ರದ ಒಂಬತ್ತನೆಯ ಅಧ್ಯಾಯದಲ್ಲಿ ನಿರ್ಜನ ಸ್ಥಳದಲ್ಲಿ ವಾಸಿಸುವ ವಿವಿಕ್ತಶಯ್ಯಾಸನವನ್ನು ಆರು ಬಾಹ್ಯ ತಪಸ್ಸುಗಳಲ್ಲಿ ಎಣಿಸಲಾಗಿದೆ. ಸೇವೆಯೆಂಬ ಅರ್ಥದ ವೈಯಾವೃತ್ತ್ಯವಾದರೋ ಆಭ್ಯಂತರ ತಪಸ್ಸುಗಳ ಸಾಲಿನಲ್ಲಿ ಪ್ರಾಯಶ್ಚಿತ್ತ, ವಿನಯಗಳ ಜೊತೆಗೆ, ಸ್ವಾಧ್ಯಾಯ, ಧ್ಯಾನಗಳ ಜೊತೆಗೆ ಕುಳಿತಿದೆ. ವೈಯಾವೃತ್ತ್ಯಕ್ಕೆ ಪಾತ್ರರಾದ ಹತ್ತು ಬಗೆಯವರಲ್ಲಿ ‘ಗ್ಲಾನ’, ಎಂದರೆ ವ್ಯಾಧಿಯಿಂದ ಬಳಲಿದವನು, ಪ್ರತ್ಯೇಕವಾಗಿಯೇ ಬರುತ್ತಾನೆ. ಸಮಂತಭದ್ರಾಚಾರ್ಯರಂತೂ ರತ್ನಕರಂಡಕ ಶ್ರಾವಕಾಚಾರದಲ್ಲಿ ನಾಲ್ಕನೆಯ ಶಿಕ್ಷಾವ್ರತಕ್ಕೆ ವೈಯಾವೃತ್ತ್ಯವೆಂದೇ ಹೆಸರಿಟ್ಟರು. ಅಲ್ಲಿ ಹೇಳಿರುವುದು ಸಂಯಮಿಗಳ ಸೇವೆ, ಗೃಹಸ್ಥನಿಗೆ ಅದು ಅನ್ವಯಿಸದು ಎಂದು ಪಂಡಿತರು ಆಕ್ಷೇಪಿಸಬಹುದು. ಆಗಲಿ. ರಾತ್ರಿಭೋಜನ ತ್ಯಾಗ, ಏಕಭುಕ್ತ, ತ್ರಿಕಾಲ ಸಾಮಾಯಿಕಗಳನ್ನು ಪಾಲಿಸುವ ಹಿರಿಯರನ್ನು ಸನ್ಮಾನದ ವೇದಿಕೆಯ ಮೇಲೆ ಸಂಯಮಿಯೆಂದು ಕರೆದು, ಸೇವೆಯ ಮಾತು ಬಂದಾಗ ಗೃಹಸ್ಥನೆನ್ನುವುದು ಯಾವ ನಯದ ದೃಷ್ಟಿಯಿಂದಲೂ ಸಮರ್ಥನೀಯವಲ್ಲ.

ಷಟ್ಕರ್ಮಗಳನ್ನೇ ತೆಗೆದುಕೊಳ್ಳೋಣವೆಂದರೆ ಅಲ್ಲಿಯೂ ಇದೇ ಕಾಣುತ್ತದೆ. ದೇವಪೂಜೆ, ಗುರೂಪಾಸ್ತಿ, ಸ್ವಾಧ್ಯಾಯ, ಸಂಯಮ, ತಪಸ್ಸು, ದಾನ. ಶ್ರಾವಕನು ದಿನವೂ ಮಾಡಬೇಕಾದವು ಇವು. ಒಂಟಿಯಾಗಿರುವ ಹಿರಿಯರ ಸ್ವಾಧ್ಯಾಯ ಹೇಗಿರುತ್ತದೆ? ವಾಚನ, ಪ್ರಚ್ಛನ, ಅನುಪ್ರೇಕ್ಷೆ, ಆಮ್ನಾಯ, ಧರ್ಮೋಪದೇಶ ಎಂದು ಸ್ವಾಧ್ಯಾಯಕ್ಕೆ ಐದು ಅಂಗಗಳು. ಸಂಶಯ ಬಂದಾಗ ಕೇಳುವುದು ಪ್ರಚ್ಛನ. ಕೇಳಲು ಬಲ್ಲವನೊಬ್ಬನು ಎದುರಿಗೆ ಬೇಕು. ತಿಳಿದುದನ್ನು ಹೇಳುವುದು ಧರ್ಮೋಪದೇಶ, ಹೇಳಿಸಿಕೊಳ್ಳುವವನೊಬ್ಬನು ಬೇಕು. ಅರುವತ್ತು ವರ್ಷ ಗ್ರಂಥ ಓದಿದವರಿಗೆ ಕೊನೆಯ ಹತ್ತು ವರ್ಷಗಳಲ್ಲಿ ಒಂದು ಪ್ರಶ್ನೆ ಕೇಳುವವರೂ ಇಲ್ಲವೆಂದರೆ, ಆ ಸ್ವಾಧ್ಯಾಯದ ಎರಡು ಅಂಗಗಳನ್ನು ಕತ್ತರಿಸಿದವರು ಯಾರು? ಊರಿನ ಬಸದಿಗಳಲ್ಲಿ ಸಂಜೆ ದೀಪವಿಟ್ಟ ಮೇಲೆ ಶಾಸ್ತ್ರ ಓದುವ ವಾಡಿಕೆ ಎಷ್ಟು ಕಡೆ ಉಳಿದಿದೆ ಎಂಬುದನ್ನು ಆಡಳಿತ ಮಂಡಳಿಗಳು ಎಣಿಸಿ ನೋಡಲಿ.

ದಾನದ ವಿಷಯ ಇದಕ್ಕಿಂತಲೂ ಗಂಭೀರ. ಹಿರಿಯರಿಗೆ ಏನು ಕೊಡಬೇಕು ಎಂದು ಎಲ್ಲರೂ ಚರ್ಚಿಸುತ್ತಾರೆ: ಕೋಲು, ಕನ್ನಡಕ, ಔಷಧಿ, ಒಬ್ಬ ಕೆಲಸದಾಕೆ. ಅವರಿಂದ ತೆಗೆದುಕೊಳ್ಳುವವರು ಯಾರೂ ಉಳಿದಿಲ್ಲ ಎಂಬುದನ್ನು ಯಾರೂ ಗಮನಿಸುವುದಿಲ್ಲ. ಬಾಗಿಲಲ್ಲಿ ನಿಂತು ದಾರಿ ನೋಡುವ ಆ ಐದು ನಿಮಿಷಗಳಲ್ಲಿ ಅವರು ಭಿಕ್ಷುಕರಂತೆ ನಿಂತಿಲ್ಲ, ದಾತೃವಾಗಿ ನಿಂತಿದ್ದಾರೆ. ಅವರ ಬಳಿ ಕೊಡಲು ಅನ್ನವಿದೆ, ಸ್ಮರಣೆಯಲ್ಲಿ ನೋಂಪಿಯ ಕಥೆಗಳಿವೆ, ಹಳಗನ್ನಡ ಕಾವ್ಯವನ್ನು ರಾಗವಾಗಿ ಓದುವ ಕಂಠವಿದೆ, ಯಾವ ಬಸದಿಯ ಯಾವ ಗದ್ದೆ ಯಾರ ಗೇಣಿಯಲ್ಲಿತ್ತು ಎಂಬ ಲೆಕ್ಕವಿದೆ. ಸ್ವೀಕರಿಸುವ ಪಾತ್ರವಿಲ್ಲದೆ ದಾನವೆಂಬ ಆರನೆಯ ಕರ್ಮವೇ ಅವರ ಬದುಕಿನಿಂದ ಲುಪ್ತವಾಗಿದೆ. ವೃದ್ಧಾಪ್ಯ ವೇತನದಿಂದಾಗಲಿ ಮಗನ ಹಣದಿಂದಾಗಲಿ ತುಂಬಿಬರುವ ನಷ್ಟವಲ್ಲ ಅದು.

2007ರಲ್ಲಿ ಕೇಂದ್ರ ಸರ್ಕಾರ ತಂದೆತಾಯಿಗಳ ಹಾಗೂ ಹಿರಿಯ ನಾಗರಿಕರ ಪೋಷಣೆ ಮತ್ತು ಕಲ್ಯಾಣ ಕಾಯ್ದೆಯನ್ನು ಮಾಡಿತು. ಆ ಕಾಯ್ದೆಯ ಮೇರೆಗೆ ಮಕ್ಕಳಿಂದ ತಿಂಗಳಿಗೆ 10,000 ರೂಪಾಯಿ ಮೀರದಷ್ಟು ಜೀವನಾಂಶ ಕೊಡಿಸಲು, ನೋಡಿಕೊಳ್ಳುವ ಷರತ್ತಿನ ಮೇಲೆ ಬರೆದುಕೊಟ್ಟ ಆಸ್ತಿಯನ್ನು ಷರತ್ತು ಮುರಿದಲ್ಲಿ ಹಿಂಪಡೆಯಲು ಅವಕಾಶವಾಯಿತು. ಜೈನ ಕುಟುಂಬಗಳಲ್ಲಿ ಈ ಕಾಯ್ದೆಗೆ ಸಿಕ್ಕಿಬೀಳುವವರು ವಿರಳವಿರಬಹುದು. ಅದನ್ನೇ ಹೆಮ್ಮೆಯ ಸಂಗತಿಯೆನ್ನುವವರೂ ಇದ್ದಾರೆ. ಆದರೆ ಕಾಯ್ದೆ ಕೊಡಿಸಬಲ್ಲದ್ದು ಹಣವನ್ನು. ಯಾವ ನ್ಯಾಯಮಂಡಳಿಯೂ ಸಂಜೆಯ ಅರ್ಧ ಗಂಟೆಯ ಮಾತನ್ನು ಡಿಕ್ರಿ ಮಾಡಿಕೊಡಲಾರದು.

ಇದೇ ಸಮಾಜ 2015ರ ಆಗಸ್ಟ್‌ನಲ್ಲಿ ಬೀದಿಗಿಳಿದಿತ್ತು. ರಾಜಸ್ಥಾನ ಉಚ್ಚ ನ್ಯಾಯಾಲಯ ಸಲ್ಲೇಖನವನ್ನು ಆತ್ಮಹತ್ಯೆಗೆ ಸಮವೆಂದು ತೀರ್ಪಿತ್ತಾಗ ದೇಶದಾದ್ಯಂತ ಮೌನ ಮೆರವಣಿಗೆಗಳು ನಡೆದವು; ಅದೇ ತಿಂಗಳ 31ರಂದು ಸರ್ವೋಚ್ಚ ನ್ಯಾಯಾಲಯ ಆ ತೀರ್ಪಿಗೆ ತಡೆಯಾಜ್ಞೆ ನೀಡಿತು. ಸಲ್ಲೇಖನ ನಿರಾಶೆಯಿಂದ ಹುಟ್ಟಿದ್ದಲ್ಲ, ಅದು ಗುರುವಿನ ಅನುಮತಿಯಿಂದ, ಸಂಘದ ಸಮ್ಮುಖದಲ್ಲಿ, ಸಮಾಧಾನ ಚಿತ್ತದಿಂದ ನಡೆಯುವ ವ್ರತವೆಂದು ಅಂದು ಸಮಾಜ ವಾದಿಸಿತು. ವಾದ ಸರಿಯಾದುದೇ. ಶಿವಾರ್ಯರ ಭಗವತೀ ಆರಾಧನೆಯ ಪ್ರಕಾರ ಸಮಾಧಿಮರಣಕ್ಕೆ ಸಿದ್ಧನಾದ ಕ್ಷಪಕನ ಸೇವೆಗೆ 48 ಮಂದಿ ನಿರ್ಯಾಪಕ ಮುನಿಗಳು ಇರಬೇಕು. ಹೊರಳಿಸಿ ಮಲಗಿಸುವವರು, ಧರ್ಮಕಥೆ ಹೇಳುವವರು, ಬಾಗಿಲು ಕಾಯುವವರು, ರಾತ್ರಿ ಎಚ್ಚರವಿರುವವರು ಎಂದು ಕೆಲಸದ ಹಂಚಿಕೆಯೂ ಉಂಟು. ಜೀವನು ಅತ್ಯಂತ ಏಕಾಕಿಯಾಗಿ ಹೊರಡುವ ಆ ಪಯಣಕ್ಕೆ ಆಗಮ ಇಷ್ಟು ಜನರನ್ನು ಜೊತೆಗೆ ಕೊಟ್ಟಿದೆ.

ಕನ್ನಡಿಗರಿಗೆ ಇದಕ್ಕೆ ದೂರದ ಸಾಕ್ಷ್ಯ ಬೇಕಿಲ್ಲ. ಶ್ರವಣಬೆಳಗೊಳದ ಚಂದ್ರಗಿರಿಯಲ್ಲಿ ಭದ್ರಬಾಹು ಗುಹೆಯಿದೆ. ವಡ್ಡಾರಾಧನೆಯ ಭದ್ರಬಾಹು ಕಥೆಯೂ ಕ್ಷೇತ್ರದ ಪರಂಪರೆಯೂ ಹೇಳುವಂತೆ, ಶ್ರುತಕೇವಲಿಗಳು ತಮ್ಮ ಆಯುಷ್ಯ ಮುಗಿಯುತ್ತಿರುವುದನ್ನರಿತು ಸಂಘವನ್ನು ಮುಂದಕ್ಕೆ ಕಳುಹಿಸಿದರು. ಶಿಷ್ಯನಾದ ಚಂದ್ರಗುಪ್ತ ಮುನಿ ಹೋಗಲೊಪ್ಪಲಿಲ್ಲ. ಗುರುವಿನ ಕೊನೆಯವರೆಗೂ ಬಳಿಯಲ್ಲಿದ್ದು ಸೇವೆ ಮಾಡಿದನು. ಒಂದು ಕಾಲಕ್ಕೆ ಮಗಧದ ಸಿಂಹಾಸನದಲ್ಲಿದ್ದವನು ಮುದಿಗುರುವಿನ ಶುಶ್ರೂಷೆಗೆ ನಿಂತ ಬೆಟ್ಟವದು. ಆ ಬೆಟ್ಟದ ಮೇಲಿನ ಚಂದ್ರಗುಪ್ತ ಬಸದಿಯ ಕಲ್ಲಿನ ಜಾಲಂಧ್ರದಲ್ಲಿ ಇಬ್ಬರ ಚರಿತ್ರೆಯನ್ನೂ ಕೆತ್ತಲಾಗಿದೆ. 2018ರ ಮಹಾಮಸ್ತಕಾಭಿಷೇಕಕ್ಕೆ ಹೋದ ಲಕ್ಷಾಂತರ ಭಕ್ತರಲ್ಲಿ ಎಷ್ಟು ಮಂದಿ ಎದುರಿನ ಈ ಚಿಕ್ಕ ಬೆಟ್ಟವನ್ನೂ ಹತ್ತಿ ಅದನ್ನು ನೋಡಿ ಬಂದರೋ.

ಒಂಟಿ ಮನೆಯ ಹಿರಿಯರು ಒಂದು ದಿನ ‘ಇನ್ನು ಸಾಕು, ಹೋಗಿಬಿಟ್ಟರೆ ಒಳ್ಳೆಯದು’ ಎಂದರೆ ಕೇಳಿದವರು ಕೈಮುಗಿಯುತ್ತಾರೆ. ಎಂಥ ವೈರಾಗ್ಯ ಎನ್ನುತ್ತಾರೆ. ಸಲ್ಲೇಖನದ ಅತಿಚಾರಗಳ ಪಟ್ಟಿಯಲ್ಲಿ ಬದುಕಬೇಕೆಂಬ ಆಸೆಯ ಜೊತೆಗೆ ಸಾಯಬೇಕೆಂಬ ಆಸೆಯೂ, ಮರಣಾಶಂಸೆಯೂ, ಸೇರಿದೆ. ಬೇಸರದಿಂದ ಸಾವನ್ನು ಬಯಸುವುದು ವ್ರತಭಂಗ. ಆ ಬೇಸರಕ್ಕೆ ಹೊರಗಿನವರ ಅಲಕ್ಷ್ಯವೇ ಕಾರಣವಾದರೆ, ಆ ಅತಿಚಾರದಲ್ಲಿ ಅವರಿಗೂ ಪಾಲುಂಟು. ನ್ಯಾಯಾಲಯದ ಮುಂದೆ ಸಂಘದ ಸಾನ್ನಿಧ್ಯವನ್ನು ಹೇಳಿಕೊಂಡ ಸಮಾಜ ಅದನ್ನು ಕೊನೆಯ ಹದಿನೈದು ದಿನಗಳಿಗೆ ಮೀಸಲಿಟ್ಟು, ಅದಕ್ಕೆ ಹಿಂದಿನ ಹದಿನೈದು ವರ್ಷಗಳಲ್ಲಿ ಬಾಗಿಲು ತಟ್ಟದೆ ಇದ್ದರೆ ಎದುರು ಪಕ್ಷದ ವಕೀಲನಿಗೆ ಬೇರೆ ಸಾಕ್ಷಿ ಬೇಕಾಗುವುದಿಲ್ಲ.

‘ಕರೆದರೂ ಅವರೇ ಬರಲೊಲ್ಲರು’ ಎಂಬುದು ಮಕ್ಕಳ ಸಮಾಧಾನ. ಅದರಲ್ಲಿ ಸತ್ಯವಿಲ್ಲದಿಲ್ಲ. ನಗರದ ಒಂಬತ್ತನೆಯ ಅಂತಸ್ತಿನ ಮನೆಯಲ್ಲಿ ನಡೆದು ಹೋಗುವ ದೂರದಲ್ಲಿ ಬಸದಿಯಿಲ್ಲ, ಬಾವಿಯಿಲ್ಲ. ಮನೆಯವರು ಉಣ್ಣುವುದು ರಾತ್ರಿ ಒಂಬತ್ತಕ್ಕೆ. ಅವರೋ ಐದೂವರೆಗೆ ಉಣ್ಣುವವರು. ಐದು ಜನರಿರುವ ಮನೆಯಲ್ಲಿಯೂ ಅವರ ಎಲೆ ಒಂದೇ. ಊರಿನ ಒಂಟಿತನವನ್ನು ಬಿಟ್ಟು ನಗರದ ಒಂಟಿತನಕ್ಕೆ ಬರಲು ಅವರು ಒಪ್ಪದಿದ್ದರೆ ಅದನ್ನು ಹಠವೆನ್ನಲಾಗದು. ಮಗನು ವಾರಕ್ಕೆ ಒಂದು ದಿನವಾದರೂ ಕಚೇರಿಯಿಂದ ಬೇಗ ಬಂದು ಅವರೊಡನೆ ಸೂರ್ಯಾಸ್ತಕ್ಕೆ ಮುನ್ನ ಉಣ್ಣುವ ಮನೆಯಾಗಿದ್ದರೆ ಬಹುಶಃ ಬರುತ್ತಿದ್ದರು.

ಮಕ್ಕಳನ್ನಷ್ಟೇ ದೂರುವುದೂ ನ್ಯಾಯವಲ್ಲ. ಕೂಡುಕುಟುಂಬಗಳು ಒಡೆದದ್ದಕ್ಕೆ ಕಾರಣಗಳು ಹಲವು. ತುಳುನಾಡಿನಲ್ಲಿ 1949ರ ಅಳಿಯಸಂತಾನ ಕಾಯ್ದೆಯ ಅನಂತರ ಪಾಲುಗಳಾದವು. 1974ರ ಭೂಸುಧಾರಣೆಯಲ್ಲಿ ಗೇಣಿಯ ಭೂಮಿ ಉಳುವವರ ಕೈಸೇರಿತು, ಅದು ಆಗಬೇಕಾದದ್ದೇ ಆಗಿತ್ತು. ಓದಿದ ಮಕ್ಕಳು ನಗರ ಸೇರಿದರು. ಮಕ್ಕಳ ಸಂಖ್ಯೆಯೇ ಕಡಿಮೆ: 2015–16ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಜೈನ ಮಹಿಳೆಯರ ಒಟ್ಟು ಫಲವತ್ತತೆಯ ದರ 1.2, ದೇಶದ ಎಲ್ಲ ಧರ್ಮೀಯರಲ್ಲಿಯೇ ಅತ್ಯಲ್ಪ. ಒಬ್ಬನೇ ಮಗ, ಅವನೂ ದೂರ. ಮುಂದಿನ ತಲೆಮಾರಿನ ಹಿರಿಯರು ಇಂದಿನವರಿಗಿಂತ ಇನ್ನೂ ಒಂಟಿಯಾಗುವವರೇ. ಕುಟುಂಬ ಮಾಡಲಾರದ್ದನ್ನು ಸಂಘ ಮಾಡಬೇಕಾದ ಕಾಲ ಬಂದಿದೆ ಎಂದೇ ಇದರ ಅರ್ಥ. ಸಂಘವೆಂದರೆ ಊರಿನ ಮಟ್ಟದಲ್ಲಿ ಬಸದಿಯ ಆಡಳಿತ ಮಂಡಳಿ.

ಆಡಳಿತ ಮಂಡಳಿಗಳಿಗೆ ಹಣವಿಲ್ಲವೆಂಬ ಮಾತನ್ನು ನಂಬುವುದು ಕಷ್ಟ. ಗೇಣಿ ಕಳೆದುಕೊಂಡ ಸಣ್ಣ ಬಸದಿಗಳ ಬಡತನ ನಿಜ. ಆದರೆ ಉತ್ಸವದಲ್ಲಿ ಮೊದಲ ಕಲಶದ ಸವಾಲು ಏರುವಾಗ, ನೆಲಕ್ಕೆ ಗ್ರಾನೈಟ್ ಹಾಸುವಾಗ, ದಾನಿಗಳ ಹೆಸರಿನ ಫಲಕ ಕೆತ್ತಿಸುವಾಗ ಬಡತನ ಅಡ್ಡ ಬರುವುದು ಕಡಿಮೆ. ಆ ಗ್ರಾನೈಟ್ ಒದ್ದೆಯಾದರೆ ಜಾರುತ್ತದೆ. ಮೆಟ್ಟಿಲ ಪಕ್ಕ ಹಿಡಿದುಕೊಳ್ಳಲು ಒಂದು ಕಂಬಿಯೂ ಇರುವುದಿಲ್ಲ. ಪ್ರತಿದಿನವೂ ಬರುವ ಏಕಮಾತ್ರ ಭಕ್ತರು ಜಾರಿ ಬಿದ್ದು ಸೊಂಟ ಮುರಿದುಕೊಂಡ ದಿನದಿಂದ ಬಸದಿಗೆ ಯಾರೂ ಬರುವುದಿಲ್ಲ.

ದೆಹಲಿಯ ಕೆಂಪುಕೋಟೆಯ ಎದುರಿನ ಲಾಲ್ ಮಂದಿರದಲ್ಲಿ ಜೈನ ಸಮಾಜ ಪಕ್ಷಿಗಳ ಆಸ್ಪತ್ರೆ ನಡೆಸುತ್ತಿದೆ. ರೆಕ್ಕೆ ಮುರಿದ ಪಾರಿವಾಳಕ್ಕೆ ಅಲ್ಲಿ ಔಷಧಿಯೂ ಕಾಳೂ ಸಿಗುತ್ತವೆ. ಅದು ಲೋಕಕ್ಕೆ ತೋರಿಸಬಹುದಾದ ಅಭಯದಾನ. ರಾತ್ರಿ ಬಚ್ಚಲಿಗೆ ಹೋಗುವಾಗ ಬಿದ್ದರೆ ಬೆಳಗಿನವರೆಗೆ ಯಾರಿಗೂ ತಿಳಿಯದು ಎಂಬ ಭಯದಲ್ಲಿ ಗೋಡೆ ಹಿಡಿದು ನಡೆಯುವ ಹಿರಿಯರಿಗೂ ಅಭಯವನ್ನು ಕೊಡಬಹುದು. ಅದಕ್ಕೆ ಕಟ್ಟಡ ಬೇಕಾಗಿಲ್ಲ. ಆಹಾರ, ಔಷಧ, ಶಾಸ್ತ್ರ, ಅಭಯ ಎಂಬ ಚತುರ್ವಿಧ ದಾನದ ಮಾತನ್ನು ನಿಯಮಾವಳಿಯ ಉದ್ದೇಶಗಳಲ್ಲಿ ಬರೆದುಕೊಂಡ ಟ್ರಸ್ಟುಗಳು ಬೇಕಾದಷ್ಟಿವೆ. ವೃದ್ಧಾಶ್ರಮ ಕಟ್ಟುವ ಯೋಜನೆಯನ್ನು ಮುಂದಿಡುವ ಉತ್ಸಾಹಿಗಳೂ ಇದ್ದಾರೆ. ಶಿಲಾನ್ಯಾಸ, ಫಲಕ, ಉದ್ಘಾಟನೆಗಳಿಗೆ ಅಲ್ಲಿ ಹೇರಳ ಅವಕಾಶ. ಬಾವಿ, ಬಸದಿ, ಬಾಗಿಲು ಈ ಮೂರನ್ನು ಬಿಡಲಾರದ ಮನುಷ್ಯನಿಗೆ ಅದರಿಂದ ಆಗುವುದೇನು?

ಅವರಿಗೆ ಬೇಕಾದದ್ದು ಸಂಜೆ ಆರರಿಂದ ಏಳರವರೆಗಿನ ಒಂದು ಗಂಟೆ. ಬಸದಿಯಲ್ಲಿ ಮತ್ತೆ ಶಾಸ್ತ್ರವಾಚನ ಆರಂಭವಾಗಿ, ಓದುವ ಪೀಠ ಅವರದಾಗಿ, ಕೇಳಲು ನಾಲ್ಕು ಮಕ್ಕಳು ಕುಳಿತರೆ ಅವರ ಸ್ವಾಧ್ಯಾಯದ ಕಡಿದುಹೋದ ಅಂಗಗಳೂ ಕೂಡಿಕೊಳ್ಳುತ್ತವೆ, ದಾನವೂ ನಡೆಯುತ್ತದೆ. ವಾರಕ್ಕೊಮ್ಮೆ ಯಾರಾದರೂ ಐದು ಗಂಟೆಗೆ ಹೋಗಿ ಅವರ ಎದುರು ಎಲೆ ಹಾಕಿಕೊಂಡು ಕುಳಿತರೆ ಬಾಗಿಲಲ್ಲಿ ನಿಂತದ್ದು ಸಾರ್ಥಕವಾಗುತ್ತದೆ. ಬೆಳಗಿನ ಅಭಿಷೇಕಕ್ಕೆ ಅವರು ಬಾರದಿದ್ದ ದಿನ ಅರ್ಚಕರು ಒಬ್ಬನನ್ನು ಮನೆಗೆ ಕಳುಹಿಸಿ ವಿಚಾರಿಸುವ ಏರ್ಪಾಡಾದರೆ ಕ್ಯಾಮೆರಾಗಿಂತ ಅದು ಮೇಲು.

2011ರ ಜನಗಣತಿಯಂತೆ ಕರ್ನಾಟಕದಲ್ಲಿದ್ದ ಜೈನರು ಸುಮಾರು 4.40 ಲಕ್ಷ. ಒಂದೊಂದು ಬಸದಿಯ ವ್ಯಾಪ್ತಿಯಲ್ಲಿ ಒಂಟಿಯಾಗಿರುವ ಹಿರಿಯರ ಸಂಖ್ಯೆ ಎರಡೋ, ಐದೋ, ಹತ್ತೋ ಇದ್ದೀತು. ಆಡಳಿತ ಮಂಡಳಿಯ ಪುಸ್ತಕಗಳಲ್ಲಿ ಬೆಳ್ಳಿಯ ಪ್ರಭಾವಳಿಯ ತೂಕ ಗ್ರಾಮಿನವರೆಗೆ ದಾಖಲಾಗಿರುತ್ತದೆ. ಈ ಹೆಸರುಗಳ ಪಟ್ಟಿ ಇರುವುದಿಲ್ಲ. ಬರುವ ಚಾತುರ್ಮಾಸಕ್ಕೆ ಮುನ್ನ ಅದನ್ನು ಬರೆದು ಮುಗಿಸಬಹುದು. ಸಣ್ಣ ಊರಿನ ಬಸದಿಯಾದರೆ ಅದು ಒಂದು ಮಧ್ಯಾಹ್ನದ ಕೆಲಸ.